ಪಾನನಿವೃತ್ತಿಯ ಮಹಾವ್ರತಿ ಫಾದರ್ ಮ್ಯಾಥ್ಯೂ

ಮದ್ಯವು ಕುಡಿದವನ ಒಡಲನ್ನು ಕೆಡಿಸುವುದೆಂಬುದು ಎಲ್ಲರೂ ಬಲ್ಲ ಮಾತು. ಅದು ಕುಡಿಯದವನ ಬಾಳನ್ನೂ ಕೆಡಿಸುವುದೆಂಬುದನ್ನು ಲೋಕವು ಬಹುಬೇಗ ಮರೆಯುತ್ತದೆ. ಕುಡುಕನ ಹೆಂಡತಿ, ಮಕ್ಕಳು, ನೆರೆಮನೆಯವನು, ಸಂತೆ ಮುಗಿಸಿ ಕತ್ತಲಲ್ಲಿ ಊರಿಗೆ ಮರಳುವ ಪಥಿಕ, ಇವರಾರೂ ಬಟ್ಟಲನ್ನು ಮುಟ್ಟಿದವರಲ್ಲ. ಆದರೂ ಅದರ ಫಲವನ್ನು ಉಣ್ಣುವವರು ಇವರೇ. ಒಂದು ನಾಡಿನ ಲಕ್ಷಾಂತರ ಜನರು ಏಕಕಾಲದಲ್ಲಿ ಬಟ್ಟಲನ್ನು ಕೆಳಗಿಟ್ಟರೆ ಆ ನಾಡಿನ ಬೀದಿಗಳೂ ನ್ಯಾಯಸ್ಥಾನಗಳೂ ಸೆರೆಮನೆಗಳೂ ಏನಾಗುವುವು? ಈ ಪ್ರಶ್ನೆಗೆ ಊಹೆಯ ಉತ್ತರ ಬೇಕಿಲ್ಲ. ಹತ್ತೊಂಬತ್ತನೆಯ ಶತಮಾನದ ಐರ್ಲೆಂಡ್ ದೇಶದಲ್ಲಿ ಅದು ಕಣ್ಣಾರೆ ಕಂಡ ಸಂಗತಿಯಾಯಿತು. ಅದಕ್ಕೆ ಕಾರಣರಾದವರು ಥಿಯೋಬಾಲ್ಡ್ ಮ್ಯಾಥ್ಯೂ ಎಂಬ ಕ್ರೈಸ್ತ ಸಂನ್ಯಾಸಿಗಳು.

ಮ್ಯಾಥ್ಯೂರವರು 1790ನೆಯ ಇಸವಿ ಅಕ್ಟೋಬರ್ 10ರಂದು ಐರ್ಲೆಂಡಿನ ಟಿಪರೇರಿ ಪ್ರಾಂತದ ಥಾಮಸ್‌ಟೌನ್ ಎಂಬಲ್ಲಿ ಜನಿಸಿದರು. ತಂದೆ ಜೇಮ್ಸ್ ಮ್ಯಾಥ್ಯೂರವರು ಅಲ್ಲಿಯ ಸಿರಿವಂತ ಭೂಮಾಲಿಕರ ಬಂಧುಗಳು. ಆ ಮನೆತನದ ಆಸ್ತಿಪಾಸ್ತಿಯ ಮೇಲ್ವಿಚಾರಣೆ ಅವರ ಕೆಲಸವಾಗಿತ್ತು. ಬಾಲಕನಿಗೆ ಹತ್ತು ಮಂದಿಯನ್ನು ಕೂಡಿಸಿ ಉಣಬಡಿಸುವುದೆಂದರೆ ಬಹಳ ಹಿಗ್ಗು. ಈ ಗುಣವೇ ಅವರಿಗೆ ಮೊದಲ ಪೆಟ್ಟನ್ನು ತಂದಿತು. ಮೇನೂತಿನ ಧರ್ಮವಿದ್ಯಾಪೀಠದಲ್ಲಿ ಓದುತ್ತಿದ್ದಾಗ, ನಿಯಮವನ್ನು ಮೀರಿ ತಮ್ಮ ಕೊಠಡಿಯಲ್ಲಿ ಸಹಪಾಠಿಗಳಿಗೆ ಔತಣವಿತ್ತುದಕ್ಕಾಗಿ 1808ರಲ್ಲಿ ಅವರು ಆ ವಿದ್ಯಾಪೀಠವನ್ನು ಬಿಡಬೇಕಾಯಿತು. ಬಳಿಕ ಡಬ್ಲಿನ್ ನಗರದಲ್ಲಿ ವ್ಯಾಸಂಗ ಮಾಡಿ, ಬಡತನವನ್ನೇ ವ್ರತವಾಗಿ ಹಿಡಿದ ಕಪುಚಿನ್ ಎಂಬ ಸಂನ್ಯಾಸಿಗಳ ಪಂಗಡವನ್ನು ಸೇರಿದರು. 1814ರಲ್ಲಿ ಪಾದ್ರಿಯ ದೀಕ್ಷೆಯನ್ನು ಪಡೆದು, ಕೆಲಕಾಲ ಕಿಲ್ಕೆನಿಯಲ್ಲಿದ್ದು, ಅನಂತರ ದಕ್ಷಿಣದ ಬಂದರು ನಗರವಾದ ಕಾರ್ಕಿಗೆ ಬಂದರು. ಮುಂದಿನ ಬಾಳೆಲ್ಲ ಆ ಊರಿಗೇ ಮೀಸಲಾಯಿತು.

ಕಾರ್ಕಿನಲ್ಲಿ ಅವರು ಇಪ್ಪತ್ತಕ್ಕೂ ಹೆಚ್ಚು ವರ್ಷಗಳ ಕಾಲ ಸದ್ದಿಲ್ಲದೆ ಬಡವರ ಸೇವೆ ಮಾಡಿದರು. ಬಡ ಹೆಣ್ಣುಮಕ್ಕಳಿಗಾಗಿ ಶಾಲೆಯನ್ನು ತೆರೆದರು. ಹೂಳಲು ಹಣವಿಲ್ಲದ ದರಿದ್ರರಿಗೂ ಗೌರವದ ಅಂತ್ಯಸಂಸ್ಕಾರ ದೊರೆಯಲೆಂದು 1830ರಲ್ಲಿ ಒಂದು ಸಸ್ಯೋದ್ಯಾನವನ್ನು ಕೊಂಡು ರುದ್ರಭೂಮಿಯನ್ನಾಗಿ ಮಾಡಿದರು. 1832ರಲ್ಲಿ ಕಾಲರಾ ಮಾರಿಯು ನಗರವನ್ನು ಹೊಕ್ಕಾಗ ಆಸ್ಪತ್ರೆಯಲ್ಲಿ ರೋಗಿಗಳ ಬಳಿಯಲ್ಲೇ ನಿಂತರು. ಇದರಿಂದ ಆ ಊರಿನ ಬಡವರು ಅವರನ್ನು ತಮ್ಮವರೆಂದು ನಂಬಿದರು. ಮುಂದೆ ಅವರ ಮಾತಿಗೆ ಬಂದ ಬಲವು ಈ ನಂಬಿಕೆಯಿಂದ ಬಂದುದೇ ಹೊರತು ವಾಕ್ಚಾತುರ್ಯದಿಂದಲ್ಲ.

ಅಂದಿನ ಐರ್ಲೆಂಡಿನಲ್ಲಿ ಕುಡಿತವಿಲ್ಲದೆ ಯಾವ ಕಾರ್ಯವೂ ನಡೆಯುತ್ತಿರಲಿಲ್ಲ. ಹುಟ್ಟಿಗೆ, ಮದುವೆಗೆ, ಹೆಣದ ಮುಂದಿನ ಜಾಗರಣೆಗೆ, ದನದ ವ್ಯಾಪಾರ ಕುದುರಿದುದಕ್ಕೆ, ಎಲ್ಲಕ್ಕೂ ವಿಸ್ಕಿಯೆಂಬ ಸಾರಾಯಿಯೇ ಸಾಕ್ಷಿ. ಸರಕಾರಕ್ಕೆ ಸುಂಕ ತೆತ್ತು ಇಳಿಸುವ ಸಾರಾಯಿಯ ಜೊತೆಗೆ, ಬೆಟ್ಟಗುಡ್ಡಗಳ ಮರೆಯಲ್ಲಿ ಕಳ್ಳಭಟ್ಟಿಯ ಸಾರಾಯಿಯೂ ಹರಿಯುತ್ತಿತ್ತು. ಅದರೊಡನೆ ಬೆಳೆದ ದುಷ್ಟಸಂಪ್ರದಾಯವೊಂದಿತ್ತು. ಜಾತ್ರೆಗಳಲ್ಲಿಯೂ ಸಂತೆಗಳಲ್ಲಿಯೂ ಎರಡು ಮನೆತನಗಳ, ಎರಡು ಹಳ್ಳಿಗಳ ಪಕ್ಷದವರು ಮಧ್ಯಾಹ್ನದವರೆಗೆ ವ್ಯಾಪಾರ ಮಾಡಿ, ಆಮೇಲೆ ಕಂಠಪೂರ್ತಿ ಕುಡಿದು, ಗಟ್ಟಿ ಮರದ ದೊಣ್ಣೆಗಳನ್ನು ಹಿಡಿದು ಬಡಿದಾಡುವರು. ವೈರದ ಮೂಲವೇನೆಂಬುದು ಬಡಿದಾಡುವವರಿಗೇ ಅನೇಕವೇಳೆ ತಿಳಿಯದು. ತಲೆಗಳು ಒಡೆಯುವುವು, ಪ್ರಾಣಗಳು ಹೋಗುವುವು. ಬೆಳಗಾದ ಮೇಲೆ ಕೊಂದವನು ಸತ್ತವನ ಮನೆಯವರಷ್ಟೇ ಅಳುವನು.

ಇದರ ಕಾರಣವನ್ನು ವೈದ್ಯಶಾಸ್ತ್ರವು ಇಂದು ಸ್ಪಷ್ಟವಾಗಿ ತಿಳಿಸುತ್ತದೆ. ಮದ್ಯವು ಮೆದುಳಿನಲ್ಲಿ ತಡೆದು ನಿಲ್ಲಿಸುವ ಶಕ್ತಿಯನ್ನು ಮೊದಲು ಮಂಕುಗೊಳಿಸುತ್ತದೆ. ಕೋಪವು ಕುಡಿಯದವನಿಗೂ ಬರುತ್ತದೆ. ಆದರೆ ಅದರ ಹಿಂದೆಯೇ ವಿವೇಕವೂ ಬಂದು ಕೈಯನ್ನು ಹಿಡಿಯುತ್ತದೆ. ಕುಡಿದವನಲ್ಲಿ ಆ ವಿವೇಕವು ಬರುವುದು ತಡವಾಗುತ್ತದೆ. ಎದುರಿಗಿದ್ದವನ ಸಾಮಾನ್ಯ ನೋಟವೂ ತಿರಸ್ಕಾರವೆಂದು ತೋರುತ್ತದೆ. ಕೈಗೆ ಸಿಕ್ಕಿದ ದೊಣ್ಣೆ ಅಷ್ಟರಲ್ಲಿ ತನ್ನ ಕೆಲಸವನ್ನು ಮಾಡಿಬಿಟ್ಟಿರುತ್ತದೆ.

ಕಾರ್ಕಿನ ಅನಾಥಾಲಯಕ್ಕೆ ಮ್ಯಾಥ್ಯೂರವರು ಆಗಾಗ್ಗೆ ಹೋಗುತ್ತಿದ್ದರು. ಅದರ ಆಡಳಿತದಲ್ಲಿ ಅವರೊಡನೆ ವಿಲಿಯಂ ಮಾರ್ಟಿನ್ ಎಂಬ ಗೃಹಸ್ಥರೂ ಇದ್ದರು. ಮಾರ್ಟಿನ್‌ರವರು ಕ್ವೇಕರ್ ಪಂಥದವರು. ಮ್ಯಾಥ್ಯೂರವರದಾದರೋ ಕ್ಯಾಥೋಲಿಕ್ ಮತ. ಮತಭೇದವು ದೊಡ್ಡ ಗೋಡೆಯಾಗಿದ್ದ ಆ ಕಾಲದಲ್ಲಿ ಈ ಇಬ್ಬರ ಸ್ನೇಹಕ್ಕೆ ಅದು ಅಡ್ಡಬರಲಿಲ್ಲ. ಅಲ್ಲಿಗೆ ಬಂದು ಬೀಳುವ ದೀನರಲ್ಲಿ ಬಹುಮಂದಿ ಕುಡಿತದಿಂದಲೇ ಹಾಳಾದವರೆಂದು ತೋರಿಸಿ, ಈ ಕಾರ್ಯಕ್ಕೆ ಕೈಯಿಕ್ಕಬೇಕೆಂದು ಮಾರ್ಟಿನ್‌ರವರು ಮತ್ತೆ ಮತ್ತೆ ಬೇಡಿಕೊಂಡರು. ಮ್ಯಾಥ್ಯೂರವರು ಬಹುಕಾಲ ಆಲೋಚಿಸಿದರು. ಅವರ ಹತ್ತಿರದ ಬಂಧುಗಳೇ ಸಾರಾಯಿ ಭಟ್ಟಿಗಳನ್ನು ನಡೆಸುತ್ತಿದ್ದರು. ವ್ರತವು ಹಬ್ಬಿದರೆ ಹಾನಿಯು ತಮ್ಮ ಮನೆತನಕ್ಕೇ ಎಂಬುದು ಅವರಿಗೆ ತಿಳಿದಿತ್ತು. ಕೊನೆಗೆ 1838ರ ಏಪ್ರಿಲ್ 10ರಂದು ತಮ್ಮ ಶಾಲೆಯ ಕೊಠಡಿಯಲ್ಲಿ ಸಭೆಯನ್ನು ಕರೆದು, ದೇವರ ಹೆಸರನ್ನು ಹೇಳಿ, ಸಂಪೂರ್ಣ ಪಾನತ್ಯಾಗದ ಪುಸ್ತಕದಲ್ಲಿ ತಮ್ಮ ಹೆಸರನ್ನೇ ಮೊದಲು ಬರೆದರು. ಆ ರಾತ್ರಿ ಅವರ ಹಿಂದೆ ರುಜು ಹಾಕಿದವರು ಸುಮಾರು 60 ಮಂದಿ ಮಾತ್ರ.

ವ್ರತವು ಸರಳವಾಗಿತ್ತು. ಅಮಲೇರಿಸುವ ಯಾವ ಪಾನವನ್ನೂ ಮುಟ್ಟದಿರುವುದು. ಹಿತವಚನದಿಂದಲೂ ನಡತೆಯಿಂದಲೂ ಇತರರನ್ನು ಅದರಿಂದ ಬಿಡಿಸುವುದು. ಮಿತವಾಗಿ ಕುಡಿಯಬಹುದೆಂಬ ರಿಯಾಯಿತಿ ಅದರಲ್ಲಿರಲಿಲ್ಲ. ಕೆಲವೇ ತಿಂಗಳಲ್ಲಿ ಶಾಲೆಯ ಕೊಠಡಿ ಸಾಲದಾಗಿ, ಸಭೆಯು ಕುದುರೆ ಸಂತೆಯ ವಿಶಾಲವಾದ ಕಟ್ಟಡಕ್ಕೆ ಹೋಯಿತು. ಒಂಬತ್ತು ತಿಂಗಳೊಳಗೆ ವ್ರತ ಹಿಡಿದವರ ಸಂಖ್ಯೆ ಒಂದೂವರೆ ಲಕ್ಷವಾಯಿತು. ದೂರದ ಪ್ರಾಂತಗಳಿಂದ ಜನರು ಕಾಲುನಡಿಗೆಯಲ್ಲಿ ಬರತೊಡಗಿದರು. 1839ರ ಡಿಸೆಂಬರಿನಲ್ಲಿ ಮ್ಯಾಥ್ಯೂರವರು ಲಿಮರಿಕ್ ನಗರಕ್ಕೆ ಹೋದಾಗ ನಾಲ್ಕು ದಿನಗಳಲ್ಲಿ ಒಂದೂವರೆ ಲಕ್ಷ ಜನರು ಬೀದಿಯಲ್ಲಿ ಮೊಣಕಾಲೂರಿ ವ್ರತವನ್ನು ಸ್ವೀಕರಿಸಿದರೆಂದು ಲೆಕ್ಕವುಂಟು. 1840ರಲ್ಲಿ ಡಬ್ಲಿನ್, 1842ರಲ್ಲಿ ಸ್ಕಾಟ್ಲೆಂಡಿನ ಗ್ಲಾಸ್ಗೋ, 1843ರಲ್ಲಿ ಇಂಗ್ಲೆಂಡಿನ ಲಿವರ್‌ಪೂಲ್, ಮ್ಯಾಂಚೆಸ್ಟರ್, ಲಂಡನ್ ನಗರಗಳು ಅವರನ್ನು ಕಂಡವು. ಆಂದೋಲನದ ಉತ್ಕರ್ಷಕಾಲದಲ್ಲಿ, ಸುಮಾರು 81 ಲಕ್ಷ ಜನಸಂಖ್ಯೆಯ ಐರ್ಲೆಂಡಿನಲ್ಲಿ 30 ಲಕ್ಷದಷ್ಟು ಜನರು ವ್ರತಸ್ಥರಾಗಿದ್ದರೆಂದು ಅಂದಾಜು. ಸಂಜೆಯ ಹೊತ್ತು ಪಡಖಾನೆಗೆ ಹೋಗುತ್ತಿದ್ದವರಿಗಾಗಿ ಊರೂರಿನಲ್ಲಿ ವಾಚನಾಲಯಗಳೂ ವಾದ್ಯಮೇಳಗಳೂ ಹುಟ್ಟಿದವು.

ಇದರ ಫಲವೇನಾಯಿತು? ಅಂಕಿಗಳೇ ಹೇಳುತ್ತವೆ. ಸುಂಕ ತೆತ್ತ ಸಾರಾಯಿಯ ಖರ್ಚು 1838ರಲ್ಲಿ ಸುಮಾರು 123 ಲಕ್ಷ ಗ್ಯಾಲನ್ ಇದ್ದುದು 1842ರಲ್ಲಿ ಸುಮಾರು 53 ಲಕ್ಷ ಗ್ಯಾಲನ್‌ಗೆ ಇಳಿಯಿತು. ಅದೇ ಕಾಲದ ಅಪರಾಧಗಳ ವರದಿಗಳನ್ನು ಪಕ್ಕದಲ್ಲಿಟ್ಟು ನೋಡಬೇಕು. 1838ರಲ್ಲಿ 247 ನರಹತ್ಯೆಗಳು ನಡೆದಿದ್ದರೆ 1841ರಲ್ಲಿ ಅವು 105 ಆದವು. 1837ರಲ್ಲಿ 725 ಇದ್ದ ಸುಲಿಗೆಗಳು 1841ರಲ್ಲಿ 257ಕ್ಕೆ ಇಳಿದವು. ಸೆರೆಮನೆಗೆ ಹೋದವರ ಸಂಖ್ಯೆ 1839ರಲ್ಲಿ 12,049 ಇದ್ದುದು 1845ರಲ್ಲಿ 9,875 ಆಯಿತು. ಮರಣದಂಡನೆಯ ತೀರ್ಪುಗಳು 1839ರಲ್ಲಿ 66 ಇದ್ದುವು, 1846ರಲ್ಲಿ 14. ಗಡೀಪಾರಿನ ಶಿಕ್ಷೆಗಳು ಅದೇ ಅವಧಿಯಲ್ಲಿ 916ರಿಂದ 504ಕ್ಕೆ ಇಳಿದವು. ಈ ಒಂದೊಂದು ಅಂಕಿಯ ಹಿಂದೆಯೂ ಒಂದು ಮನೆಯಿತ್ತೆಂಬುದನ್ನು ಮರೆಯಲಾಗದು. ಹತನಾಗದೆ ಉಳಿದವನಿಗೂ ಮಕ್ಕಳಿದ್ದರು. ಕೊಲೆಗಾರನಾಗದೆ ಉಳಿದವನಿಗೂ ಇದ್ದರು.

ಈ ಫಲವೆಲ್ಲ ಒಂದೇ ಕಾರಣದಿಂದ ಬಂದಿತೆನ್ನುವುದು ನ್ಯಾಯವಲ್ಲ. 1836ರಲ್ಲಿ ಆ ದೇಶದ ಪೊಲೀಸ್ ದಳವು ಹೊಸದಾಗಿ ಸಂಘಟಿತವಾಗಿತ್ತು. ಥಾಮಸ್ ಡ್ರಮಂಡ್ ಎಂಬ ದಕ್ಷ ಅಧಿಕಾರಿಯು ಸಂತೆಯ ಬಡಿದಾಟಗಳನ್ನು ಅಡಗಿಸಲು ಶ್ರಮಿಸಿದ್ದನು. ಆದರೆ ದೊಣ್ಣೆಯನ್ನು ಕಸಿದುಕೊಳ್ಳಲು ಪೊಲೀಸರಿಗೆ ಸಾಧ್ಯವಾಗಬಹುದು. ದೊಣ್ಣೆಯನ್ನು ಎತ್ತಬೇಕೆಂಬ ಹುಚ್ಚನ್ನು ಇಳಿಸಲು ಅವರಿಂದಾಗದು. ಆ ಎರಡನೆಯ ಕೆಲಸವು ವ್ರತದಿಂದ ಆಯಿತು. 1843ರಲ್ಲಿ ಡೇನಿಯಲ್ ಓಕಾನೆಲ್‌ರವರು ದೇಶದ ಸ್ವಯಮಾಡಳಿತಕ್ಕಾಗಿ ಬೃಹತ್ಸಭೆಗಳನ್ನು ಕೂಡಿಸಿದಾಗ ಇದು ಇನ್ನಷ್ಟು ಸ್ಪಷ್ಟವಾಯಿತು. ಲಕ್ಷಾಂತರ ಜನರು ಸೇರಿದರೂ ಕುಡಿತವಿಲ್ಲ, ಗಲಭೆಯಿಲ್ಲ. ಅಕ್ಟೋಬರಿನಲ್ಲಿ ಕ್ಲಾಂಟಾರ್ಫಿನ ಸಭೆಯನ್ನು ಸರಕಾರವು ಹಠಾತ್ತನೆ ನಿಷೇಧಿಸಿದಾಗಲೂ ಜನರು ಶಾಂತರಾಗಿ ಮನೆಗೆ ಮರಳಿದರು. ಮ್ಯಾಥ್ಯೂರವರಾದರೋ ತಮ್ಮ ವ್ರತಕ್ಕೆ ರಾಜಕೀಯದ ಬಣ್ಣ ಹತ್ತಬಾರದೆಂದು ಆ ಸಭೆಗಳಿಂದ ದೂರವೇ ಇದ್ದರು.

ಇಷ್ಟು ದೊಡ್ಡ ಕಾರ್ಯದಲ್ಲಿ ಎರಡು ಬಿರುಕುಗಳು ಮೊದಲಿನಿಂದಲೇ ಇದ್ದುವು. ಒಂದು ಹಣದ್ದು. ವ್ರತಸ್ಥರಿಗೆ ಒಂದು ಪದಕವನ್ನು ಕೊಡುವ ಪದ್ಧತಿಯಿತ್ತು. ಅದರ ಬೆಲೆ ಒಂದು ಶಿಲಿಂಗ್ ಆಗಿದ್ದರೂ ಬಡವರಿಂದ ಹಣ ಕೇಳುವುದು ಮ್ಯಾಥ್ಯೂರವರಿಂದ ಆಗಲಿಲ್ಲ. ಕೈಬಿಚ್ಚಿ ಕೊಡುತ್ತ ಹೋಗಿ, ಲೆಕ್ಕವನ್ನಿಡದೆ, ಸಹಸ್ರಾರು ಪೌಂಡುಗಳ ಸಾಲವನ್ನು ಹೊತ್ತರು. ಪದಕದ ಸಾಲಕ್ಕಾಗಿ ಡಬ್ಲಿನ್ನಿನಲ್ಲಿ ಅವರ ಬಂಧನವೂ ಆಯಿತು. 1847ರಲ್ಲಿ ವಿಕ್ಟೋರಿಯಾ ರಾಣಿಯ ಸರಕಾರವು ಕೊಟ್ಟ ವಾರ್ಷಿಕ 300 ಪೌಂಡ್ ವಿಶ್ರಾಂತಿವೇತನವೂ ಸಾಲಗಾರರ ಪಾಲಾಯಿತು. ಇನ್ನೊಂದು ಬಿರುಕು ಇದಕ್ಕಿಂತ ಆಳವಾದುದು. ಅವರ ಕೈ ತಲೆಯನ್ನು ಮುಟ್ಟಿದರೆ ರೋಗಗಳು ಗುಣವಾಗುವುವೆಂದು ಜನರು ನಂಬತೊಡಗಿದರು. ಅವರು ಎಷ್ಟು ನಿರಾಕರಿಸಿದರೂ ಜನರು ಬಿಡಲಿಲ್ಲ. ಬಹುಮಂದಿ ಹಿಡಿದುದು ವ್ರತವನ್ನಲ್ಲ, ಆ ಮಹನೀಯರ ಕೈಯನ್ನು. ಅವರು ಮುಂದಿನ ಊರಿಗೆ ಹೋದ ಮೇಲೆ, ವ್ರತಸ್ಥನು ಜಾರಿದಾಗ ಎಚ್ಚರಿಸುವ ಸಂಘಟನೆ ಹಿಂದಿನ ಊರಿನಲ್ಲಿ ಗಟ್ಟಿಯಾಗಿರಲಿಲ್ಲ.

1845ರಲ್ಲಿ ಆಲೂಗೆಡ್ಡೆಯ ಬೆಳೆಗೆ ರೋಗ ತಗುಲಿತು. ಬಡವರ ಅನ್ನವೇ ಅದಾಗಿತ್ತು. ಮುಂದಿನ ವರ್ಷಗಳ ಘೋರ ಕ್ಷಾಮದಲ್ಲಿ ಸುಮಾರು 10 ಲಕ್ಷ ಜನರು ಹಸಿವಿನಿಂದಲೂ ಜ್ವರದಿಂದಲೂ ಸತ್ತರು; ಅಷ್ಟೇ ಜನರು, ಇನ್ನೂ ಹೆಚ್ಚು, ದೇಶವನ್ನು ಬಿಟ್ಟುಹೋದರು. ಮ್ಯಾಥ್ಯೂರವರು ಕಾರ್ಕಿನಲ್ಲಿ ಗಂಜಿಯ ಕೇಂದ್ರಗಳನ್ನು ನಡೆಸಿದರು. ಬರುವ ವಿಪತ್ತನ್ನು ಕುರಿತು ಸರಕಾರದ ಅಧಿಕಾರಿಗಳಿಗೆ ಪತ್ರಗಳನ್ನು ಬರೆದು ಎಚ್ಚರಿಸಿದರು. ಆ ಕಾಲದಲ್ಲಿ ಸೆರೆಮನೆಗಳು ಮತ್ತೆ ತುಂಬಿದವು; ದವಸವನ್ನೂ ದನಕುರಿಗಳನ್ನೂ ಕದ್ದ ಹಸಿದವರು ಅವುಗಳಲ್ಲಿ ಸೇರಿದ್ದರು. ಕುಡಿತವನ್ನು ಬಿಡಿಸಿದರೆ ಅಪರಾಧವೆಲ್ಲ ನಿಲ್ಲುವುದಿಲ್ಲ. ಹಸಿವು ಕೂಡ ಮನುಷ್ಯನನ್ನು ಕಳ್ಳನನ್ನಾಗಿ ಮಾಡುತ್ತದೆ. ಈ ಸತ್ಯವನ್ನು ಆ ವರ್ಷಗಳು ಕಲಿಸಿದವು. ಊರುಗಳು ಚದುರಿದಂತೆ ವ್ರತದ ಕಟ್ಟೂ ಸಡಲಿತು. ಪಡಖಾನೆಗಳಿಗೆ ಜನ ಮರಳಿದರು.

1848ರಲ್ಲಿ ಮ್ಯಾಥ್ಯೂರವರಿಗೆ ಲಕ್ವ ಹೊಡೆಯಿತು. ಆದರೂ 1849ರಲ್ಲಿ ಅಮೆರಿಕೆಗೆ ಹೋಗಿ, ಎರಡು ವರ್ಷಗಳ ಕಾಲ 25 ಸಂಸ್ಥಾನಗಳಲ್ಲಿ ಸಂಚರಿಸಿ, 5 ಲಕ್ಷಕ್ಕೂ ಹೆಚ್ಚು ಜನರಿಗೆ ವ್ರತವನ್ನಿತ್ತರು. ಅಲ್ಲಿ ಅವರ ಕೀರ್ತಿಗೆ ಒಂದು ಕಲೆಯೂ ತಗುಲಿತು. 1841ರಲ್ಲಿ ಗುಲಾಮಪದ್ಧತಿಯ ವಿರುದ್ಧದ ಮನವಿಗೆ ಸಹಿ ಹಾಕಿದ್ದವರು, ದಕ್ಷಿಣ ಸಂಸ್ಥಾನಗಳಲ್ಲಿ ತಮ್ಮ ಕಾರ್ಯಕ್ಕೆ ಅಡ್ಡಿಯಾದೀತೆಂದು ಆ ವಿಷಯದಲ್ಲಿ ಮೌನ ತಾಳಿದರು. ಗುಲಾಮಗಿರಿಯಿಂದ ಪಾರಾಗಿ ಬಂದಿದ್ದ ಫ್ರೆಡರಿಕ್ ಡಗ್ಲಾಸ್‌ರವರು 1845ರಲ್ಲಿ ಕಾರ್ಕಿನಲ್ಲಿ ಇವರ ಕೈಯಿಂದಲೇ ವ್ರತವನ್ನು ಪಡೆದಿದ್ದರು. ಈ ಮೌನವು ಅವರನ್ನು ನೋಯಿಸಿತು. 1851ರಲ್ಲಿ ಮ್ಯಾಥ್ಯೂರವರು ಬಳಲಿ ಸ್ವದೇಶಕ್ಕೆ ಮರಳಿದರು. 1856ರ ಡಿಸೆಂಬರ್ 8ರಂದು ಕಾರ್ಕಿನ ಬಳಿಯ ಕ್ವೀನ್ಸ್‌ಟೌನ್ ಬಂದರಿನಲ್ಲಿ ದೇಹವನ್ನು ಬಿಟ್ಟರು. ಬಡವರಿಗಾಗಿ ತಾವೇ ಮಾಡಿದ್ದ ರುದ್ರಭೂಮಿಯಲ್ಲಿ ಅವರನ್ನು ಸಮಾಧಿ ಮಾಡಲಾಯಿತು. 1864ರಲ್ಲಿ ಕಾರ್ಕಿನ ಮುಖ್ಯ ಬೀದಿಯಲ್ಲಿ ನಿಲ್ಲಿಸಿದ ಅವರ ವಿಗ್ರಹವು ಇಂದಿಗೂ ಇದೆ.

ಅವರ ಕಾರ್ಯದ ಪಾಠವು ವ್ಯರ್ಥವಾಗಲಿಲ್ಲ. 1898ರಲ್ಲಿ ಜೇಮ್ಸ್ ಕಲೆನ್ ಎಂಬ ಪಾದ್ರಿಗಳು ಡಬ್ಲಿನ್ನಿನಲ್ಲಿ ಪಯೊನಿಯರ್ ಎಂಬ ಪಾನತ್ಯಾಗ ಸಂಘವನ್ನು ಸ್ಥಾಪಿಸಿದಾಗ, ಸಾವಿರಾರು ಜನರಿಗೆ ಒಮ್ಮೆಲೆ ವ್ರತ ಕೊಡುವ ದಾರಿಯನ್ನು ಬಿಟ್ಟರು. ಕೆಲವರನ್ನೇ ಆರಿಸಿ, ಅವರ ನಡತೆಯನ್ನು ಕಾಲಾವಧಿಯಿಟ್ಟು ಪರೀಕ್ಷಿಸಿ, ಅನಂತರವೇ ಸೇರಿಸಿಕೊಳ್ಳುವ ನಿಯಮವನ್ನು ಮಾಡಿದರು. ಆ ಸಂಘವು ಮುಂದಿನ ಶತಮಾನದಲ್ಲಿಯೂ ಬಾಳಿತು.

ಮದ್ಯದ ಹಾನಿಯಾದರೋ ಇನ್ನೂ ನಿಂತಿಲ್ಲ. 2019ರಲ್ಲಿ ಜಗತ್ತಿನಲ್ಲಿ ಮದ್ಯದಿಂದಾದ 26 ಲಕ್ಷ ಮರಣಗಳಲ್ಲಿ ಸುಮಾರು 7 ಲಕ್ಷ 24 ಸಾವಿರವು ರಸ್ತೆಯ ಅಪಘಾತ, ಆತ್ಮಹಾನಿ, ಹೊಡೆದಾಟ ಮೊದಲಾದ ಗಾಯಗಳಿಂದ ಆದುವೆಂದು ವಿಶ್ವ ಆರೋಗ್ಯ ಸಂಸ್ಥೆಯು ಎಣಿಸಿದೆ. ಈ ಗಾಯಗೊಂಡವರಲ್ಲಿ ಎಷ್ಟೋ ಮಂದಿ ಸ್ವತಃ ಕುಡಿದವರಲ್ಲ. ಆದುದರಿಂದ ಪಾನತ್ಯಾಗವನ್ನು ತನ್ನೊಬ್ಬನ ದೇಹಶುದ್ಧಿಗೆ ಸಂಬಂಧಿಸಿದ ನೇಮವೆಂದು ಮಾತ್ರ ತಿಳಿಯುವುದು ಸಾಲದು. ಅದು ಹೆಂಡತಿಮಕ್ಕಳಿಗೆ, ನೆರೆಹೊರೆಗೆ, ದಾರಿಹೋಕನಿಗೆ ಕೊಡುವ ಅಭಯದಾನ. ಸದ್ಗೃಹಸ್ಥರು ಅಂಥ ವ್ರತವನ್ನು ಹಿಡಿಯುವಾಗ ಫಾದರ್ ಮ್ಯಾಥ್ಯೂರವರ ಬಾಳನ್ನು ಎರಡು ಬಗೆಯಲ್ಲಿ ನೆನೆಯಬೇಕು: ಅವರಂತೆ ಮೊದಲ ರುಜುವನ್ನು ತಾವೇ ಹಾಕಬೇಕು, ಮತ್ತು ವ್ರತವನ್ನು ಇತ್ತವರು ಊರು ಬಿಟ್ಟು ಹೋದ ಮೇಲೆಯೂ, ಕಷ್ಟಕಾಲ ಬಂದ ಮೇಲೆಯೂ, ಒಬ್ಬರನ್ನೊಬ್ಬರು ಎಚ್ಚರಿಸುತ್ತ ಅದನ್ನು ಮನೆಯಲ್ಲಿ ದಿನದಿನವೂ ಕಾಯ್ದುಕೊಳ್ಳಬೇಕು.