ಮಾರ್ಷಲ್ ಪೆಟೇನ್

1916ರಲ್ಲಿ ವರ್ಡೂನ್ ದುರ್ಗವನ್ನು ಜರ್ಮನರಿಂದ ಉಳಿಸಿದವನೆಂದು ಕೀರ್ತಿ ಪಡೆದ ಫ್ರೆಂಚ್ ಸೇನಾನಿ ಫಿಲಿಪ್ ಪೆಟೇನ್. ದಣಿದ ದಳಗಳನ್ನು ಸರದಿಯಂತೆ ವಿಶ್ರಾಂತಿಗೆ ಕಳುಹಿಸಿದನು. ಮರುವರ್ಷ ದಂಗೆಯೆದ್ದ ಸಿಪಾಯಿಗಳಲ್ಲಿ ಕೆಲವರನ್ನು ಗುಂಡಿಗೆ ಗುರಿಮಾಡಿದರೂ, ಉಳಿದವರಿಗೆ ಒಳ್ಳೆಯ ಊಟವನ್ನೂ ರಜೆಯನ್ನೂ ಕೊಡಿಸಿದನು. ಸಿಪಾಯಿಯ ಹೊಟ್ಟೆಯನ್ನು ಬಲ್ಲ ಇಂಥ ಸೇನಾನಿಗಳು ವಿರಳ.

ಅದೇ ಪೆಟೇನನು 1940ರಲ್ಲಿ, 84ನೆಯ ವಯಸ್ಸಿನಲ್ಲಿ, ಹಿಟ್ಲರನಿಗೆ ಮಣಿದು ವಿಶಿಯಲ್ಲಿ ಸರ್ಕಾರ ಹೂಡಿದನು. ದೇಶಕ್ಕೆ ತಾನು ಗುರಾಣಿಯಾದೆನೆಂಬುದು ಆತನ ವಾದ. ಆದರೆ ಫ್ರಾನ್ಸಿನಿಂದ ಸುಮಾರು 76,000 ಯೆಹೂದ್ಯರು ನಾಜಿ ಶಿಬಿರಗಳ ಪಾಲಾದರು. ಹಿಡಿದುಕೊಟ್ಟವರಲ್ಲಿ ಆತನ ಪೊಲೀಸರೂ ಇದ್ದರು. ವರ್ಡೂನಿನ ಪುಣ್ಯದಲ್ಲಿ ಈ ಪಾಪವನ್ನು ಕಳೆಯಲು ನಮಗೆ ಮನಸ್ಸೊಪ್ಪದು.

1945ರ ಮರಣದಂಡನೆಯನ್ನು ದ ಗಾಲ್ ಜೀವಾವಧಿ ಸೆರೆಗೆ ಇಳಿಸಿದನು. 1951ರಲ್ಲಿ ಪೆಟೇನನು ಇಯು ದ್ವೀಪದಲ್ಲಿ ತೀರಿಕೊಂಡನು. ವರ್ಡೂನಿನ ಸಿಪಾಯಿಗಳ ಬಳಿ ಮಲಗಬೇಕೆಂಬುದು ಆತನ ಬಯಕೆ. ಅದಕ್ಕಾಗಿ 1973ರಲ್ಲಿ ಅಭಿಮಾನಿಗಳು ಶವಪೆಟ್ಟಿಗೆಯನ್ನೇ ಕದ್ದರು. ಸರ್ಕಾರ ಅದನ್ನು ಹುಡುಕಿ ದ್ವೀಪಕ್ಕೇ ಮರಳಿಸಿತು.