ಗುರುದತ್ತರ ಬಾಳು ಮತ್ತು ಬೆಳ್ಳಿತೆರೆ

ಹೊಟ್ಟೆಪಾಡಿಗಾಗಿ ಊರು ಬಿಟ್ಟು ಬಂದವರು ನಾವು. ಮೊದಲು ಸಂಪಾದನೆ, ಅನಂತರ ಮನಸ್ಸಿಗೊಪ್ಪಿದ ಕೆಲಸ ಎಂಬ ಲೆಕ್ಕ ನಮಗೆ ಹೊಸದಲ್ಲ. ಇದೇ ಲೆಕ್ಕದಲ್ಲಿ ಬಾಳಿ, ಅದರ ಪೂರ್ಣ ಬೆಲೆಯನ್ನು ತೆತ್ತವರು ಚಿತ್ರ ದಿಗ್ದರ್ಶಕ ಗುರುದತ್ತರು.

ಅವರು ಹುಟ್ಟಿದ್ದು 1925ರ ಜುಲೈ 9ರಂದು, ಬೆಂಗಳೂರಿನಲ್ಲಿ, ಪಡುಕೋಣೆ ಮನೆತನದಲ್ಲಿ. ಮನೆಮಾತು ಕೊಂಕಣಿ. ತಾಯಿ ವಾಸಂತಿಯವರು ಕನ್ನಡದ ಲೇಖಕಿ. ಮಗನ ಜೀವನ ಚರಿತ್ರೆಯನ್ನೂ ಮುಂದೆ ಕನ್ನಡದಲ್ಲಿಯೇ ಬರೆದರು. ತಂದೆಯ ನೌಕರಿಯಿಂದಾಗಿ ಗುರುದತ್ತರು ಬೆಳೆದದ್ದು ಕಲಕತ್ತೆಯಲ್ಲಿ. ಮನೆಯ ಅಡಚಣೆಯಿಂದ ಓದು ಮೆಟ್ರಿಕ್ಕಿಗೇ ನಿಂತಿತು. ಆಲ್ಮೋಡಾದಲ್ಲಿ ಉದಯಶಂಕರರ ಕಲಾಕೇಂದ್ರದಲ್ಲಿ ನೃತ್ಯ ಕಲಿತು, 1944ರಲ್ಲಿ ಪುಣೆಯ ಪ್ರಭಾತ್ ಫಿಲ್ಮ್ ಕಂಪನಿಯನ್ನು ಸೇರಿದರು. ಅಲ್ಲಿ ದೊರೆತ ಸ್ನೇಹಿತ ದೇವಾನಂದರು ತಮ್ಮ ಸಂಸ್ಥೆಯ 'ಬಾಜಿ'ಯ ದಿಗ್ದರ್ಶನವನ್ನು ಅವರಿಗೆ ವಹಿಸಿದರು. 1951ರಲ್ಲಿ ತೆರೆಕಂಡ ಆ ಚಿತ್ರ ಜಯಗಳಿಸಿತು.

ಬಳಿಕ ಸ್ವಂತ ಸಂಸ್ಥೆ. 1954ರ 'ಆರ್ ಪಾರ್', 1955ರ 'ಮಿಸ್ಟರ್ ಅಂಡ್ ಮಿಸೆಸ್ 55' ಜನರನ್ನು ನಗಿಸಿ ಹಣ ತಂದವು. ಆ ಬಲದಿಂದಲೇ 1957ರಲ್ಲಿ 'ಪ್ಯಾಸಾ' ಬಂದಿತು. ಅದರ ಕವಿ ವಿಜಯನ ಹಸ್ತಪ್ರತಿಯನ್ನು ಅಣ್ಣಂದಿರು ರದ್ದಿಗೆ ಮಾರುತ್ತಾರೆ. ಅವನು ಸತ್ತನೆಂದು ತಿಳಿದ ಮೇಲೆ ಲೋಕವೇ ಕೊಂಡಾಡುತ್ತದೆ. ಬೀದಿಯ ಹೆಣ್ಣು ಗುಲಾಬೋ, ತಲೆಗೆ ಎಣ್ಣೆ ತಿಕ್ಕುವ ಸತ್ತಾರ್, ಇವರಿಗೂ ಅಲ್ಲಿ ತಮ್ಮದೇ ಮರ್ಯಾದೆಯುಂಟು. ಘಟನೆಗಳಿಗಾಗಿ ಪಾತ್ರಗಳನ್ನು ಕಟ್ಟದೆ, ಪಾತ್ರದ ಒಳಗಿನಿಂದಲೇ ಕತೆಯನ್ನು ಬೆಳೆಸಿದ್ದು ಗುರುದತ್ತರ ಹಿರಿಮೆಯೆಂದು ನಾವು ಭಾವಿಸುತ್ತೇವೆ.

1959ರ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಮೈಸೂರಿನಲ್ಲಿ ಹುಟ್ಟಿದ ಛಾಯಾಗ್ರಾಹಕ ವಿ. ಕೆ. ಮೂರ್ತಿಯವರು ದೊಡ್ಡ ಕನ್ನಡಿಗಳಿಂದ ಹೊರಗಿನ ಬಿಸಿಲನ್ನು ಸ್ಟುಡಿಯೋದೊಳಗೆ ಹಾಯಿಸಿ ಚಿತ್ರಿಸಿದ ಬೆಳಕಿನ ಕೋಲು ಇಂದಿಗೂ ಪ್ರಸಿದ್ಧ. ಮೂರ್ತಿಯವರಿಗೆ ಮುಂದೆ 2008ನೆಯ ಸಾಲಿನ ಫಾಲ್ಕೆ ಪ್ರಶಸ್ತಿ ಸಂದಿತು. ಆದರೆ ಕೀರ್ತಿಯಿಂದ ಜಾರಿ, ಒಂಟಿಯಾಗಿ ಸಾಯುವ ದಿಗ್ದರ್ಶಕನ ಆ ಕತೆ ಅಂದಿನ ಪ್ರೇಕ್ಷಕರಿಗೆ ರುಚಿಸಲಿಲ್ಲ. ನಷ್ಟ ಬಹಳವಾಯಿತು. ಆಮೇಲೆ ಗುರುದತ್ತರು ದಿಗ್ದರ್ಶಕರೆಂದು ಯಾವ ಚಿತ್ರಕ್ಕೂ ತಮ್ಮ ಹೆಸರು ಹಾಕಿಕೊಳ್ಳಲಿಲ್ಲ.

ಆದರೂ ಸಂಸ್ಥೆಯ ಬಾಗಿಲು ಮುಚ್ಚಲಿಲ್ಲ. 1960ರಲ್ಲಿ ಎಂ. ಸಾದಿಕ್ ದಿಗ್ದರ್ಶಿಸಿದ 'ಚೌದವೀಂ ಕಾ ಚಾಂದ್' ಕೈಹಿಡಿಯಿತು; 1962ರಲ್ಲಿ ಅಬ್ರಾರ್ ಅಲ್ವಿ ದಿಗ್ದರ್ಶನದ 'ಸಾಹಿಬ್ ಬೀಬಿ ಔರ್ ಗುಲಾಮ್' ಗೌರವ ತಂದಿತು. 1953ರಲ್ಲಿ ಕೈಹಿಡಿದ ಗಾಯಕಿ ಗೀತಾ ರಾಯ್ ಅವರೊಡನೆ ಸಂಸಾರ ಮಾತ್ರ ಒಡೆದಿತ್ತು. 1964ರ ಅಕ್ಟೋಬರ್ 10ರಂದು ಮುಂಬಯಿಯ ಮನೆಯಲ್ಲಿ, 39ನೆಯ ವಯಸ್ಸಿನಲ್ಲಿ, ಅವರು ಕಣ್ಮುಚ್ಚಿದರು.

ಅಂದು ಸೋತ ಚಿತ್ರವನ್ನು ಇಂದು ಜಗತ್ತಿನ ಚಿತ್ರಪ್ರೇಮಿಗಳು ಅಭ್ಯಾಸ ಮಾಡುತ್ತಾರೆ. 'ಪ್ಯಾಸಾ'ದ ಕವಿಗೆ ಒದಗಿದ ಪಾಡೇ ಅದನ್ನು ಮಾಡಿದವರಿಗೂ ಒದಗಿತು. ನಮ್ಮ ನಡುವೆಯೂ ಬರೆಯುವ, ಹಾಡುವ, ಆಡುವ ಮಕ್ಕಳಿದ್ದಾರೆ. ಅವರ ಮೊದಲ ಸೋಲಿನ ದಿನ ನಾವು ಸಭೆಯಲ್ಲಿ ಕುಳಿತಿರೋಣ.