ಗಾರ್ಕಿಯ ಅಜ್ಜಿ

ರಷ್ಯದ ಸಾಹಿತಿ ಮ್ಯಾಕ್ಸಿಂ ಗಾರ್ಕಿಯವರ ‘ತಾಯಿ’ ಕಾದಂಬರಿಯ ಹೆಸರನ್ನು ನಮ್ಮಲ್ಲಿ ಬಹಳ ಜನ ಕೇಳಿರುತ್ತಾರೆ. ಆದರೆ ಗಾರ್ಕಿಯವರನ್ನು ಸಾಕಿ ಸಲಹಿದವರು ತಾಯಿಗಿಂತ ಹೆಚ್ಚಾಗಿ ಅಜ್ಜಿಯೆಂಬುದನ್ನು ತಿಳಿದವರು ವಿರಳ.

ಅವರ ನಿಜನಾಮ ಅಲೆಕ್ಸಿ ಪೆಷ್ಕೋವ್. 1868ರಲ್ಲಿ ವೋಲ್ಗಾ ನದೀತೀರದ ನಿಜ್ನಿ ನವ್‌ಗೊರೋದ್ ನಗರದಲ್ಲಿ ಜನನ. ಮೂರು ವರ್ಷದ ಬಾಲಕನಿಗೆ ಅಸ್ತ್ರಖಾನ್‌ನಲ್ಲಿ ಕಾಲರಾ ತಗಲಿತು. ಆರೈಕೆ ಮಾಡಿದ ತಂದೆಗೂ ಅದು ಅಂಟಿತು. ಮಗು ಉಳಿಯಿತು, ತಂದೆ ತೀರಿಕೊಂಡರು. ಅಜ್ಜಿ ಅಕುಲೀನಾ ಮಗಳನ್ನೂ ಮೊಮ್ಮಗನನ್ನೂ ಉಗಿಹಡಗಿನಲ್ಲಿ ತವರಿಗೆ ಕರೆತಂದರು. ದಾರಿಯುದ್ದಕ್ಕೂ ಶರತ್ಕಾಲದ ಹೊಂಬಣ್ಣದ ದಡಗಳನ್ನು ತೋರಿಸುತ್ತ ಹುಡುಗನಿಗೆ ಕಥೆ ಹೇಳಿದರು.

ಅಜ್ಜನದು ಬಟ್ಟೆಗೆ ಬಣ್ಣ ಹಾಕುವ ಉದ್ಯೋಗ. ಮಹಾ ಕೋಪಿಷ್ಠರು. ಮೇಜಿನ ಬಟ್ಟೆಯನ್ನು ಬಣ್ಣದಲ್ಲಿ ಅದ್ದಿದ್ದಕ್ಕೆ ಮೊಮ್ಮಗ ಪ್ರಜ್ಞೆ ತಪ್ಪುವವರೆಗೆ ಹೊಡೆದರು. ಓದಲು ಕಲಿಸಿದವರೂ ಅವರೇ ಎಂಬುದನ್ನು ನಾವು ಮರೆಯಬಾರದು. ಮುಂದೆ ಆಸ್ತಿ ಕರಗಿತು. ಅಜ್ಜಿ ಲೇಸು ಹೆಣೆದು ಹೊಟ್ಟೆ ಹೊರೆಯಬೇಕಾಯಿತು. 1879ರಲ್ಲಿ ತಾಯಿಯೂ ಕ್ಷಯದಿಂದ ತೀರಿಕೊಂಡಾಗ ಅಜ್ಜ ಹನ್ನೊಂದರ ಹುಡುಗನನ್ನು ದುಡಿಮೆಗೆ ಕಳುಹಿಸಿದರು.

ಚಪ್ಪಲಿ ಅಂಗಡಿಯೊಂದರ ಕೆಲಸದಲ್ಲಿ ಬಿಸಿ ಸಾರು ಚೆಲ್ಲಿ ಕೈ ಸುಟ್ಟಿತು. ಹುಡುಗ ಮತ್ತೆ ಅಜ್ಜಿಯ ಬಳಿಗೆ ಬಂದ. ಆಗ ಇಬ್ಬರೂ ಕಾಡಿಗೆ ಹೋಗತೊಡಗಿದರು. ಅಣಬೆ, ಕಾಡುಹಣ್ಣು, ಬೀಜ, ಮದ್ದಿನ ಸೊಪ್ಪು ಆರಿಸಿ ತಂದು ಮಾರುತ್ತಿದ್ದರು. ಅಜ್ಜಿಗೆ ಕಾಡೆಂದರೆ ಸ್ವಂತ ಮನೆಯಂತೆ. ಯಾವ ಗಿಡ ಯಾವ ಕಾಯಿಲೆಗೆ, ಯಾವ ಅಣಬೆ ಎಲ್ಲಿ ಅಡಗಿದೆ, ಎಲ್ಲವೂ ಗೊತ್ತು. ನಮ್ಮ ಕಡೆಯ ಗುಡ್ಡಗಳಲ್ಲೂ ಮೊದಲ ಗುಡುಗಿನ ಮೇಲೆ ಅಣಬೆ ಹುಡುಕುವ ಅಜ್ಜಿಯರಿಲ್ಲವೇ? ಮಾರಿ ಬಂದ ಕಾಸಿನಲ್ಲಿಯೂ ಸ್ವಲ್ಪವನ್ನು ರಾತ್ರಿ ಗುಟ್ಟಾಗಿ ಬಡವರ ಕಿಟಕಿಗಳಲ್ಲಿ ಇಟ್ಟು ಬರುತ್ತಿದ್ದರು. ತಂದೆತಾಯಿಗಳನ್ನು ಕಳೆದುಕೊಂಡ ಹುಡುಗನ ಮನಸ್ಸು ಆ ಮರಗಳ ನಡುವೆಯೇ ತಿಳಿಯಾಯಿತೆಂದು ನಮಗೆ ತೋರುತ್ತದೆ.

1884ರಲ್ಲಿ ಅವರು ವಿದ್ಯೆಯ ಆಸೆಯಿಂದ ಕಜಾನ್‌ಗೆ ಹೊರಟರು. ಅಜ್ಜಿ ಹಡಗುಕಟ್ಟೆಯಲ್ಲಿ ನಿಂತು ಕಣ್ಣೊರೆಸಿಕೊಂಡರು. ಮತ್ತೆ ಭೇಟಿಯಾಗಲಿಲ್ಲ. ಭಿಕ್ಷೆ ಬೇಡುತ್ತಿದ್ದ ಅಜ್ಜಿ ಬಿದ್ದು ಕಾಲು ಮುರಿದುಕೊಂಡು 1887ರಲ್ಲಿ ತೀರಿಹೋದರು. ಸುದ್ದಿಯ ಕಾಗದ ಕೈಸೇರಿದ್ದು ಮಣ್ಣುಮಾಡಿದ ಏಳು ವಾರಗಳ ಮೇಲೆ. ಆಗ ಬೇಕರಿಯಲ್ಲಿ ಹಿಟ್ಟು ನಾದುತ್ತಿದ್ದ ಮೊಮ್ಮಗನಿಗೆ ಅಜ್ಜಿ ಎಷ್ಟು ಒಳ್ಳೆಯವರೆಂದು ಯಾರಿಗಾದರೂ ಹೇಳಬೇಕೆನಿಸಿತು. ಕೇಳುವವರು ಯಾರೂ ಇರಲಿಲ್ಲ.

1892ರಲ್ಲಿ ಮೊದಲ ಕಥೆಗೆ ಅವರು ಗಾರ್ಕಿ, ಎಂದರೆ ಕಹಿ, ಎಂಬ ಹೆಸರಿಟ್ಟುಕೊಂಡರು. ಹೇಳದೆ ಉಳಿದಿದ್ದ ಮಾತನ್ನೆಲ್ಲ 1913–14ರಲ್ಲಿ ಬಂದ ‘ಬಾಲ್ಯ’ ಎಂಬ ಆತ್ಮಕಥೆಯಲ್ಲೂ ಅದರ ಮುಂದಿನ ಭಾಗಗಳಲ್ಲೂ ಬರೆದರು. 1936ರಲ್ಲಿ ಅವರು ನಿಧನರಾದರು. ಎರಡು ವರ್ಷಗಳ ಬಳಿಕ ಅಜ್ಜನ ಆ ಹಳೆಯ ಮನೆ ವಸ್ತುಸಂಗ್ರಹಾಲಯವಾಯಿತು.